ಬಟ್ಟಲನ್ನು ಮುಟ್ಟದ ನಲವತ್ತೈದು ವರ್ಷಗಳು: ನೋಟರ್ ಡೇಮ್ ತಂಡ ಮತ್ತು ‘ಬೌಲ್’ ಪಂದ್ಯಗಳು

ಅಮೆರಿಕದ ಇಂಡಿಯಾನಾ ರಾಜ್ಯದಲ್ಲಿ, ಸೌತ್ ಬೆಂಡ್ ನಗರದ ಅಂಚಿಗೆ ನೋಟರ್ ಡೇಮ್ ಎಂಬ ವಿಶ್ವವಿದ್ಯಾಲಯವಿದೆ. ಅದರ ಫುಟ್‌ಬಾಲ್ ತಂಡವು 1925ರ ಜನವರಿ 1ರಂದು ಒಂದು ‘ಬೌಲ್’ ಪಂದ್ಯವನ್ನು ಆಡಿ ಗೆದ್ದಿತು. ಅಂತಹ ಇನ್ನೊಂದು ಪಂದ್ಯವನ್ನು ಅದು ಆಡಿದ್ದು 1970ರ ಜನವರಿ 1ರಂದು. ನಡುವಣ ನಲವತ್ತೈದು ವರ್ಷಗಳಲ್ಲಿ ತಂಡವು ದುರ್ಬಲವಾಗಿತ್ತೆಂದು ಯಾರೂ ಭಾವಿಸಬಾರದು. ಆ ಅವಧಿಯಲ್ಲಿಯೇ ಅದು 1943, 1946, 1947, 1949 ಮತ್ತು 1966ರಲ್ಲಿ ಪತ್ರಕರ್ತರ ಮತದಾನದಲ್ಲಿ ದೇಶದ ಅಗ್ರಸ್ಥಾನವನ್ನು ಪಡೆದಿತ್ತು. ಆಹ್ವಾನವನ್ನು ಸ್ವೀಕರಿಸುವುದಿಲ್ಲ ಎಂಬುದು ಆ ಸಂಸ್ಥೆಯ ನಿಯಮವಾಗಿತ್ತು. ಒಂದು ವಿದ್ಯಾಸಂಸ್ಥೆ ತನ್ನ ಅತ್ಯಂತ ಜನಪ್ರಿಯ ಚಟುವಟಿಕೆಗೆ ತಾನೇ ಗೆರೆ ಎಳೆದುದೇಕೆ, ಬಳಿಕ ಆ ಗೆರೆಯನ್ನು ಅಳಿಸಿದುದೇಕೆ ಎಂಬುದು ಪ್ರಸ್ತುತ ಲೇಖನದ ವಿಷಯ.

ಮೊದಲು ಆಟದ ಬಗೆಗೆ ಎರಡು ಮಾತು. ಇಲ್ಲಿ ಫುಟ್‌ಬಾಲ್ ಎಂದರೆ ನಮ್ಮ ಊರುಗಳ ಕಾಲ್ಚೆಂಡಾಟವಲ್ಲ. ಎರಡೂ ತುದಿಗಳಲ್ಲಿ ಮೊನಚಾದ ಉದ್ದನೆಯ ಚೆಂಡನ್ನು ಕೈಯಲ್ಲಿ ಹಿಡಿದು ಓಡುತ್ತ, ಎಸೆಯುತ್ತ, ನೂರು ಗಜದ ಮೈದಾನದಲ್ಲಿ ಎದುರಾಳಿಯ ಗಡಿಯತ್ತ ಸಾಗುವ ಆಟವಿದು. ಒಂದೊಂದು ಪಕ್ಷದಲ್ಲಿ ಹನ್ನೊಂದು ಮಂದಿ. ನಾಲ್ಕು ಯತ್ನಗಳಲ್ಲಿ ಹತ್ತು ಗಜ ಮುಂದೆ ಸಾಗಬೇಕು. ಸಾಗದಿದ್ದರೆ ಚೆಂಡು ಎದುರಾಳಿಯ ಪಾಲು. ಗಡಿಯನ್ನು ದಾಟಿದರೆ ‘ಟಚ್‌ಡೌನ್’, ಆರು ಅಂಕ. ಅದರ ಬೆನ್ನಿಗೆ ಚೆಂಡನ್ನು ಕಂಬಗಳ ನಡುವೆ ಒದ್ದರೆ ಇನ್ನೊಂದು ಅಂಕ. ಒದೆಯುವ ಬದಲು ಮತ್ತೊಮ್ಮೆ ಗಡಿ ದಾಟಿದರೆ ಎರಡು. ಟಚ್‌ಡೌನ್ ಸಾಧ್ಯವಾಗದಾಗ ದೂರದಿಂದಲೇ ಒದ್ದು ಮೂರು ಅಂಕ ಗಳಿಸುವ ಮಾರ್ಗವೂ ಉಂಟು. ಮುಂದಿನ ವಿವರಗಳನ್ನು ಅನುಸರಿಸಲು ಇಷ್ಟು ಸಾಕು.

‘ಬೌಲ್’ ಎಂಬ ಪದವನ್ನು ಕನ್ನಡ ಐಚ್ಛಿಕ ವಿಷಯದ ವಿದ್ಯಾರ್ಥಿಗಳು ಕೊಂಚ ನಿಂತು ನೋಡಬೇಕು. ಪದದ ಅರ್ಥ ಬಟ್ಟಲು. 1914ರಲ್ಲಿ ಯೇಲ್ ವಿಶ್ವವಿದ್ಯಾಲಯವು ಬಟ್ಟಲಿನ ಆಕಾರದ ಕ್ರೀಡಾಂಗಣವನ್ನು ಕಟ್ಟಿ ಅದಕ್ಕೆ ‘ಯೇಲ್ ಬೌಲ್’ ಎಂಬ ಹೆಸರಿಟ್ಟಿತು. 1922ರಲ್ಲಿ ಕ್ಯಾಲಿಫೋರ್ನಿಯಾದ ಪ್ಯಾಸಡೀನಾ ನಗರದಲ್ಲಿ ಅದೇ ಮಾದರಿಯ ಕ್ರೀಡಾಂಗಣ ಎದ್ದಿತು. ಆ ನಗರದಲ್ಲಿ 1890ರಿಂದಲೂ ಹೊಸ ವರ್ಷದ ದಿನ ಗುಲಾಬಿಗಳ ಉತ್ಸವ ನಡೆಯುತ್ತಿದ್ದುದರಿಂದ ಕ್ರೀಡಾಂಗಣವು ‘ರೋಸ್ ಬೌಲ್’ ಆಯಿತು. ಬಳಿಕ ಅಲ್ಲಿ ನಡೆಯುವ ಪಂದ್ಯಕ್ಕೂ ಅದೇ ಹೆಸರು ಅಂಟಿತು. ಕೊನೆಗೆ ಋತು ಮುಗಿದ ಮೇಲೆ ಆಹ್ವಾನದ ಮೇರೆಗೆ ಎಲ್ಲಿಯೇ ಆಡುವ ಪಂದ್ಯವಿರಲಿ, ಅಲ್ಲಿನ ಕ್ರೀಡಾಂಗಣ ಚೌಕವೇ ಇರಲಿ, ಅದು ‘ಬೌಲ್’ ಎನಿಸಿಕೊಂಡಿತು. ಪಾತ್ರೆಯಿಂದ ಕಟ್ಟಡಕ್ಕೆ, ಕಟ್ಟಡದಿಂದ ಅದರೊಳಗಿನ ಘಟನೆಗೆ ಅರ್ಥವು ಜರುಗಿದೆ. ಕಾವ್ಯಮೀಮಾಂಸೆಯ ತರಗತಿಯಲ್ಲಿ ಲಕ್ಷಣೆಗೆ ‘ಗಂಗೆಯಲ್ಲಿ ಗೊಲ್ಲರಹಳ್ಳಿ’ಯ ಜೊತೆಗೆ ಇದನ್ನೂ ಹೇಳಬಹುದು.

ಈ ಪದ್ಧತಿಯ ಆರಂಭ ಅಷ್ಟೇನೂ ಭವ್ಯವಲ್ಲ. 1902ರ ಹೊಸ ವರ್ಷದ ದಿನ ಗುಲಾಬಿ ಉತ್ಸವದ ಅಂಗವಾಗಿ ಮಿಶಿಗನ್ ಮತ್ತು ಸ್ಟ್ಯಾನ್‌ಫರ್ಡ್ ತಂಡಗಳನ್ನು ಆಡಿಸಲಾಯಿತು. ಮಿಶಿಗನ್ 49–0 ಅಂಕಗಳಿಂದ ಮುಂದಿದ್ದಾಗ, ಸಮಯ ಇನ್ನೂ ಉಳಿದಿರುವಂತೆಯೇ ಸ್ಟ್ಯಾನ್‌ಫರ್ಡ್ ಸೋಲನ್ನೊಪ್ಪಿತು. ಬೇಸತ್ತ ಸಂಘಟಕರು ಫುಟ್‌ಬಾಲನ್ನು ಕೈಬಿಟ್ಟು, ರೋಮನ್ನರ ಮಾದರಿಯ ರಥಗಳ ಪಂದ್ಯವನ್ನೂ ಏರ್ಪಡಿಸಿ ನೋಡಿದರು. 1916ರಲ್ಲಿ ಫುಟ್‌ಬಾಲ್ ಮರಳಿತು. ಆಮೇಲೆ ಪ್ರತಿವರ್ಷವೂ ನಡೆಯಿತು. 1930ರ ದಶಕದ ಆರ್ಥಿಕ ಕುಸಿತದ ಕಾಲದಲ್ಲಿ ಪ್ರವಾಸಿಗಳನ್ನು ಸೆಳೆಯಲು ಬೇರೆ ನಗರಗಳೂ ಇದೇ ಉಪಾಯವನ್ನು ಹಿಡಿದವು. ಮಯಾಮಿಯಲ್ಲಿ ಕಿತ್ತಳೆಯ ಹೆಸರಿನ ಆರೆಂಜ್ ಬೌಲ್, ನ್ಯೂ ಆರ್ಲಿಯನ್ಸ್‌ನಲ್ಲಿ ಸಕ್ಕರೆಯ ಹೆಸರಿನ ಶುಗರ್ ಬೌಲ್, ಡಾಲಸ್‌ನಲ್ಲಿ ಹತ್ತಿಯ ಹೆಸರಿನ ಕಾಟನ್ ಬೌಲ್. ಒಂದೊಂದು ಸೀಮೆಯೂ ತನ್ನ ಬೆಳೆಯನ್ನೇ ಬಟ್ಟಲಿಗೆ ತುಂಬಿತು. ದೇಶಕ್ಕೆಲ್ಲ ಒಂದೇ ಅಂತಿಮ ಪಂದ್ಯವೆಂಬುದು ಆಗ ಇರಲಿಲ್ಲ. ಯಾರನ್ನು ಕರೆಯಬೇಕೆಂಬುದು ಆಯಾ ನಗರದ ಸಮಿತಿಯ ಇಚ್ಛೆಗೆ, ಹೋಗಬೇಕೋ ಬೇಡವೋ ಎಂಬುದು ಕಾಲೇಜಿನ ಇಚ್ಛೆಗೆ ಬಿಟ್ಟ ವಿಷಯ.

ನೋಟರ್ ಡೇಮ್ 1842ರಲ್ಲಿ ಫ್ರೆಂಚ್ ಪಾದ್ರಿ ಎಡ್ವರ್ಡ್ ಸೋರಿನ್ ಸ್ಥಾಪಿಸಿದ ಕ್ಯಾಥೊಲಿಕ್ ಸಂಸ್ಥೆ. ಪ್ರೊಟೆಸ್ಟೆಂಟರು ಬಹುಸಂಖ್ಯಾತರಾಗಿದ್ದ ನಾಡಿನಲ್ಲಿ ಐರಿಷ್, ಪೋಲಿಷ್, ಇಟಾಲಿಯನ್ ವಲಸಿಗರ ಮಕ್ಕಳು ಓದುತ್ತಿದ್ದ ಅಲ್ಪಸಂಖ್ಯಾತರ ವಿದ್ಯಾಲಯ. ಹಾಗೆಂದರೇನೆಂಬುದನ್ನು ಗಡಿನಾಡಿನ ಓದುಗರಿಗೆ ವಿವರಿಸಿ ಹೇಳಬೇಕಾಗಿಲ್ಲ. 1920ರ ದಶಕದ ಇಂಡಿಯಾನಾದಲ್ಲಿ ಕರಿಯರನ್ನೂ ಯಹೂದ್ಯರನ್ನೂ ಕ್ಯಾಥೊಲಿಕರನ್ನೂ ದ್ವೇಷಿಸುವ ಕು ಕ್ಲಕ್ಸ್ ಕ್ಲಾನ್ ಸಂಘಟನೆ ಅತ್ಯಂತ ಪ್ರಬಲವಾಗಿತ್ತು. 1924ರ ಮೇ ತಿಂಗಳಲ್ಲಿ ಕ್ಲಾನ್ ಸೌತ್ ಬೆಂಡ್‌ನಲ್ಲಿಯೇ ಸಭೆ ಸೇರಲು ಬಂದಾಗ ವಿದ್ಯಾರ್ಥಿಗಳು ಬೀದಿಗಿಳಿದು ಅವರನ್ನು ಎದುರಿಸಿದರು. ಕುಲಾಧ್ಯಕ್ಷ ಮ್ಯಾಥ್ಯೂ ವಾಲ್ಶ್ ಹುಡುಗರನ್ನು ಸಮಾಧಾನಪಡಿಸಿ ಹಿಂದಕ್ಕೆ ಕರೆತರಬೇಕಾಯಿತು. ಅದೇ ವರ್ಷದ ನವೆಂಬರ್ ಚುನಾವಣೆಯಲ್ಲಿ ಕ್ಲಾನಿನ ಬೆಂಬಲ ಪಡೆದ ಅಭ್ಯರ್ಥಿಯೇ ರಾಜ್ಯದ ಗವರ್ನರ್ ಆದರು.

ತಂಡವು ದೇಶದ ಗಮನವನ್ನು ಸೆಳೆದದ್ದೂ ಅದೇ 1924ರಲ್ಲಿ. ತರಬೇತುದಾರ ನ್ಯೂಟ್ ರಾಕ್ನಿ ನಾರ್ವೆಯಿಂದ ಬಂದ ವಲಸಿಗ. ಸ್ಟೂಲ್‌ಡ್ರೇಯರ್, ಮಿಲ್ಲರ್, ಕ್ರೌಲಿ, ಲೇಡನ್ ಎಂಬ ನಾಲ್ವರು ಹಿಂಬದಿಯ ಆಟಗಾರರಿಗೆ ಪತ್ರಕರ್ತ ಗ್ರ್ಯಾಂಟ್‌ಲ್ಯಾಂಡ್ ರೈಸ್ ಬೈಬಲಿನ ಪ್ರಕಟನಾ ಗ್ರಂಥದಿಂದ ‘ನಾಲ್ವರು ಅಶ್ವಾರೋಹಿಗಳು’ ಎಂಬ ಹೆಸರನ್ನು ತಂದಿಟ್ಟರು. ಋತುವಿನಲ್ಲಿ ಒಂದೂ ಸೋಲಿಲ್ಲದ ಈ ತಂಡಕ್ಕೆ ರೋಸ್ ಬೌಲ್‌ನಿಂದ ಕರೆ ಬಂದಿತು. ಡಿಸೆಂಬರ್‌ನಲ್ಲಿ ರೈಲು ಹತ್ತಿದ ವಿದ್ಯಾರ್ಥಿಗಳು ನ್ಯೂ ಆರ್ಲಿಯನ್ಸ್, ಹ್ಯೂಸ್ಟನ್, ಟೂಸಾನ್ ಊರುಗಳ ಮೂಲಕ ಪಶ್ಚಿಮ ಕರಾವಳಿಗೆ ಹೋದರು. ನಿಲ್ದಾಣ ನಿಲ್ದಾಣಗಳಲ್ಲಿ ಸ್ಥಳೀಯ ಕ್ಯಾಥೊಲಿಕರು ಅವರನ್ನು ತಮ್ಮ ಮನೆಯ ಮಕ್ಕಳಂತೆ ಬರಮಾಡಿಕೊಂಡರು. ಪಂದ್ಯದಲ್ಲಿ ಸ್ಟ್ಯಾನ್‌ಫರ್ಡ್ ತಂಡವೇ ಹೆಚ್ಚು ಗಜಗಳನ್ನು ಕ್ರಮಿಸಿತು. ಅದರ ಅರ್ನಿ ನೆವರ್ಸ್ ಗಾಯಗೊಂಡ ಕಾಲುಗಳಿಗೆ ಬಿಗಿದ ಪಟ್ಟಿಯೊಂದಿಗೇ ನೂರು ಗಜಕ್ಕೂ ಮಿಗಿಲಾಗಿ ಓಡಿದರು. ಆದರೆ ಎಲ್ಮರ್ ಲೇಡನ್ ಎದುರಾಳಿಯ ಎಸೆತಗಳನ್ನು ಎರಡು ಬಾರಿ ನಡುವೆಯೇ ಹಿಡಿದು, ಒಮ್ಮೆ 78 ಗಜ, ಇನ್ನೊಮ್ಮೆ 70 ಗಜ ಓಡಿ ಟಚ್‌ಡೌನ್ ಗಳಿಸಿದರು. ಫಲಿತಾಂಶ 27–10. ತಮ್ಮ ರಾಜ್ಯದಲ್ಲಿಯೇ ಅನ್ಯರೆನಿಸಿಕೊಂಡಿದ್ದವರಿಗೆ ಈ ಗೆಲುವು ಏನಾಗಿ ಕಂಡಿರಬಹುದೆಂಬುದನ್ನು ಊಹಿಸಿಕೊಳ್ಳಬಹುದು. ವೈರಿಗಳು ಹೀಯಾಳಿಕೆಯಾಗಿ ಬಳಸುತ್ತಿದ್ದ ‘ಕಾದಾಡುವ ಐರಿಷರು’ ಎಂಬ ಹೆಸರನ್ನು 1927ರಲ್ಲಿ ವಿಶ್ವವಿದ್ಯಾಲಯವೇ ತಂಡದ ಅಧಿಕೃತ ಹೆಸರಾಗಿ ಸ್ವೀಕರಿಸಿತು.

ಇಷ್ಟಾದ ಮೇಲೆ ಮುಂದಿನ ವರ್ಷಗಳಲ್ಲಿ ಇನ್ನಷ್ಟು ಬೌಲ್‌ಗಳಿಗೆ ಹೋಗುವುದು ಸಹಜವಾಗಿತ್ತು. ವಿಶ್ವವಿದ್ಯಾಲಯವು ಬೇಡವೆಂದಿತು. ರೋಸ್ ಬೌಲ್ ಪ್ರವಾಸ ಸುಮಾರು ಮೂರು ವಾರ ಹಿಡಿದಿತ್ತು. ನವೆಂಬರ್‌ಗೆ ಮುಗಿಯಬೇಕಾದ ಆಟವು ಜನವರಿಯವರೆಗೆ ಬೆಳೆದರೆ ಓದಿಗೆ ಮೀಸಲಾದ ಕಾಲ ಕರಗುತ್ತದೆ. ಇದು ಅಧ್ಯಾಪಕರ ವಾದ. ಈ ನಿಲುವು ನೋಟರ್ ಡೇಮ್‌ನದಷ್ಟೇ ಆಗಿರಲಿಲ್ಲ. ನೆರೆಯ ರಾಜ್ಯಗಳ ದೊಡ್ಡ ವಿಶ್ವವಿದ್ಯಾಲಯಗಳ ಒಕ್ಕೂಟವಾದ ‘ಬಿಗ್ ಟೆನ್’ ಕೂಡ 1921ರಿಂದ ಇಪ್ಪತ್ತೈದು ವರ್ಷ ತನ್ನ ಸದಸ್ಯರನ್ನು ಬೌಲ್‌ಗಳಿಂದ ದೂರವಿರಿಸಿತ್ತು. ಇನ್ನೊಂದು ಸೂಕ್ಷ್ಮವೂ ಇತ್ತೆಂದು ನನ್ನ ಅಭಿಪ್ರಾಯ. ಫುಟ್‌ಬಾಲಿನಿಂದ ಹೆಸರಾದ ಸಂಸ್ಥೆಗೆ ‘ಇದು ಬರಿಯ ಆಟದ ಶಾಲೆ’ ಎಂಬ ಅಪವಾದ ಬೇಗ ತಟ್ಟುತ್ತದೆ. ವಿದ್ಯಾಲಯವೆಂದು ಗಣ್ಯತೆ ಪಡೆಯಬಯಸುವ ಅಲ್ಪಸಂಖ್ಯಾತ ಸಂಸ್ಥೆಗಂತೂ ಅದು ಹೆಚ್ಚು ನೋಯಿಸುವ ಮಾತು.

ಆದರೆ ಈ ತ್ಯಾಗಕ್ಕೆ ತೆರಬೇಕಾದ ಬೆಲೆ ಆಗ ಕಡಿಮೆಯೇ ಇತ್ತು ಎಂಬುದನ್ನೂ ಹೇಳಬೇಕು. ದೇಶದ ಶ್ರೇಷ್ಠ ತಂಡ ಯಾವುದೆಂದು ತೀರ್ಮಾನಿಸುತ್ತಿದ್ದುದು ಪತ್ರಕರ್ತರ ಮತ್ತು ತರಬೇತುದಾರರ ಮತದಾನ. ಪತ್ರಕರ್ತರ ಮತದಾನ 1936ರಿಂದ ನಿಯತವಾಗಿ ನಡೆಯುತ್ತಿತ್ತು. ಆ ಮತಗಳ ಎಣಿಕೆ ಬೌಲ್‌ಗಳಿಗೆ ಮುಂಚೆಯೇ ಮುಗಿಯುತ್ತಿದ್ದುದರಿಂದ ಬೌಲ್‌ನಲ್ಲಿ ಸೋತವನ ಕಿರೀಟವೂ ಬೀಳುತ್ತಿರಲಿಲ್ಲ. ಆಡದವನ ಕಿರೀಟಕ್ಕೂ ಕುಂದಿರಲಿಲ್ಲ. ಫ್ರ್ಯಾಂಕ್ ಲೇಹಿ ತರಬೇತುದಾರರಾಗಿದ್ದಾಗ ನೋಟರ್ ಡೇಮ್ ನಾಲ್ಕು ಬಾರಿ ಹೀಗೆ ಮನೆಯಲ್ಲಿಯೇ ಕುಳಿತು ಅಗ್ರಪಟ್ಟವನ್ನು ಪಡೆಯಿತು. 1966ರಲ್ಲಿ ಮಿಶಿಗನ್ ಸ್ಟೇಟ್ ವಿರುದ್ಧದ ಪಂದ್ಯದಲ್ಲಿ ತರಬೇತುದಾರ ಆರಾ ಪಾರ್ಸೀಘಿಯನ್ ಕೊನೆಯ ಗಳಿಗೆಯಲ್ಲಿ ಗೆಲುವಿಗೆ ಸಾಹಸ ಮಾಡದೆ 10–10ರ ಸಮಬಲವನ್ನು ಕಾಪಾಡಿಕೊಂಡರೆಂದು ದೊಡ್ಡ ವಿವಾದವಾಯಿತು. ಅದನ್ನು ಬಗೆಹರಿಸಬಲ್ಲ ಬೌಲ್ ಪಂದ್ಯವೊಂದು ಮುಂದಿರಲಿಲ್ಲ. ಮತದಾರರು ನೋಟರ್ ಡೇಮನ್ನೇ ಆರಿಸಿದರು. 1968ರಿಂದ ಪತ್ರಕರ್ತರು ತಮ್ಮ ಅಂತಿಮ ಮತವನ್ನು ಬೌಲ್‌ಗಳ ಬಳಿಕವೇ ಹಾಕತೊಡಗಿದಾಗ ಪರಿಸ್ಥಿತಿ ಬದಲಾಯಿತು. ಅಂದಿನಿಂದ ಬೌಲ್ ಆಡದ ತಂಡವು ಪರೀಕ್ಷೆಯ ಕೊನೆಯ ಪತ್ರಿಕೆಗೆ ಹಾಜರಾಗದ ವಿದ್ಯಾರ್ಥಿಯಂತಾಯಿತು.

1969ರ ನವೆಂಬರ್‌ನಲ್ಲಿ ವಿಶ್ವವಿದ್ಯಾಲಯವು ತನ್ನ ನಿಯಮವನ್ನು ಬದಲಿಸಿತು. ಅದು ಕೊಟ್ಟ ಕಾರಣ ಕಿರೀಟದ್ದಲ್ಲ. ಬೌಲ್‌ನಿಂದ ಬರುವ ಹಣವನ್ನು ಅಲ್ಪಸಂಖ್ಯಾತ ಸಮುದಾಯಗಳ ವಿದ್ಯಾರ್ಥಿಗಳ ವಿದ್ಯಾರ್ಥಿವೇತನಕ್ಕೂ ಶೈಕ್ಷಣಿಕ ಕಾರ್ಯಕ್ರಮಗಳಿಗೂ ಬಳಸಲಾಗುವುದು ಎಂದು ಅದು ಪ್ರಕಟಿಸಿತು. ಅಂದಿನ ಕುಲಾಧ್ಯಕ್ಷ ಥಿಯೊಡೋರ್ ಹೆಸ್‌ಬರ್ಗ್ 1957ರಿಂದ ದೇಶದ ನಾಗರಿಕ ಹಕ್ಕುಗಳ ಆಯೋಗದ ಸದಸ್ಯರಾಗಿದ್ದು 1969ರಲ್ಲಿ ಅದರ ಅಧ್ಯಕ್ಷರಾಗಿದ್ದವರು. ಅವರದೇ ವಿಶ್ವವಿದ್ಯಾಲಯದಲ್ಲಿ ಕರಿಯ ವಿದ್ಯಾರ್ಥಿಗಳ ಸಂಖ್ಯೆ ಅತ್ಯಲ್ಪವಾಗಿತ್ತು. ಒಂದು ಕಾಲಕ್ಕೆ ತಾನೇ ಹೊರಗಿನವನಾಗಿದ್ದ ಸಂಸ್ಥೆ ಈಗ ಇತರರನ್ನು ಹೊರಗಿಟ್ಟ ಸಂಸ್ಥೆಯಾಗಿತ್ತೆಂಬ ಅರಿವು ಈ ತೀರ್ಮಾನದ ಹಿಂದೆ ಇದ್ದೇ ಇತ್ತು. ಕಿರೀಟದ ಲೆಕ್ಕಾಚಾರ ಇರಲೇ ಇಲ್ಲವೆಂದು ನಂಬುವುದು ಕಷ್ಟ. ಆದರೂ ಎರಡು ಕಾರಣಗಳು ಒಂದೇ ದಾರಿಯನ್ನು ತೋರಿದಾಗ ಒಳ್ಳೆಯದನ್ನು ಮುಂದಿಟ್ಟು ಹೇಳಿದ ಮಾತು ಸುಳ್ಳಾಗುವುದಿಲ್ಲ. ಓದಿನ ಹೆಸರಿನಲ್ಲಿ ಮುಚ್ಚಿದ ಬಾಗಿಲನ್ನು ಅವರು ಓದಿನ ಹೆಸರಿನಲ್ಲಿಯೇ ತೆರೆದರು.

1970ರ ಕಾಟನ್ ಬೌಲ್‌ನಲ್ಲಿ ಎದುರಾದುದು ಅಗ್ರಸ್ಥಾನದ ಟೆಕ್ಸಸ್ ತಂಡ. ಕರಿಯ ಆಟಗಾರನೊಬ್ಬನೂ ಇಲ್ಲದೆ ರಾಷ್ಟ್ರೀಯ ಪಟ್ಟವನ್ನು ಪಡೆದ ಕೊನೆಯ ತಂಡವದು. ಅಲ್ಪಸಂಖ್ಯಾತರ ವಿದ್ಯಾರ್ಥಿವೇತನಕ್ಕೆ ಹಣ ಒದಗಿದ್ದು ಅಂತಹ ತಂಡದ ಎದುರು ಆಡಿದ ಆಟದಿಂದ ಎಂಬುದು ಕಾಲದ ವ್ಯಂಗ್ಯ. ಪಂದ್ಯವಂತೂ ಅತ್ಯುತ್ತಮವಾಗಿತ್ತು. ಕೊನೆಯಲ್ಲಿ 17–14ರಿಂದ ನೋಟರ್ ಡೇಮ್ ಮುಂದಿತ್ತು. ಒಂದು ನಿಮಿಷ ಎಂಟು ಸೆಕೆಂಡು ಉಳಿದಿರುವಾಗ ಟೆಕ್ಸಸ್ ಗಡಿ ದಾಟಿ 21–17ರಿಂದ ಗೆದ್ದಿತು. ಕ್ಯಾನ್ಸರ್‌ನಿಂದಾಗಿ ಹಿಂದಿನ ತಿಂಗಳಷ್ಟೇ ಒಂದು ಕಾಲನ್ನು ಕಳೆದುಕೊಂಡಿದ್ದ ಟೆಕ್ಸಸ್ ಆಟಗಾರ ಫ್ರೆಡಿ ಸ್ಟೈನ್‌ಮಾರ್ಕ್ ಊರುಗೋಲಿನ ಆಸರೆಯಿಂದ ಮೈದಾನದಂಚಿನಲ್ಲಿ ನಿಂತು ಅದನ್ನು ನೋಡಿದರು. ಮರುವರ್ಷ ಅದೇ ಮೈದಾನದಲ್ಲಿ, ಅದೇ ಎದುರಾಳಿಯನ್ನು ನೋಟರ್ ಡೇಮ್ 24–11ರಿಂದ ಸೋಲಿಸಿ ಟೆಕ್ಸಸ್‌ನ ಮೂವತ್ತು ಗೆಲುವುಗಳ ಸರಣಿಗೆ ತೆರೆ ಎಳೆಯಿತು.

ಮುಂದಿನ ಹತ್ತು ವರ್ಷಗಳು ಈ ತಂಡದ ಬೌಲ್ ಚರಿತ್ರೆಯ ಅತ್ಯಂತ ಸಮೃದ್ಧ ಕಾಲ. 1973ರ ಡಿಸೆಂಬರ್ 31ರಂದು ನ್ಯೂ ಆರ್ಲಿಯನ್ಸ್‌ನ ಶುಗರ್ ಬೌಲ್‌ನಲ್ಲಿ ಸೋಲರಿಯದ ಎರಡು ತಂಡಗಳು, ನೋಟರ್ ಡೇಮ್ ಮತ್ತು ಅಲಬಾಮಾ, ಮೊತ್ತಮೊದಲ ಬಾರಿ ಎದುರುಬದುರಾದವು. ಒಂದು ಅಂಕದ ಮುನ್ನಡೆಯಲ್ಲಿದ್ದ ನೋಟರ್ ಡೇಮ್ ಕೊನೆಯ ಗಳಿಗೆಯಲ್ಲಿ ತನ್ನದೇ ಗಡಿಯ ಅಂಚಿಗೆ ಸಿಲುಕಿತು. ಅಂತಹ ಸ್ಥಿತಿಯಲ್ಲಿ ಯಾರೂ ಚೆಂಡನ್ನು ಎಸೆಯುವ ಅಪಾಯಕ್ಕೆ ಕೈಹಾಕುವುದಿಲ್ಲ. ಟಾಮ್ ಕ್ಲೆಮೆಂಟ್ಸ್ ತಮ್ಮ ಗಡಿಯೊಳಗಿನಿಂದಲೇ ಎಸೆದರು. ಆ ಋತುವಿನಲ್ಲಿ ಚೆಂಡು ಹಿಡಿದದ್ದೇ ವಿರಳವಾಗಿದ್ದ ರಾಬಿನ್ ವೆಬರ್ ಅದನ್ನು ಹಿಡಿದರು. ಫಲಿತಾಂಶ 24–23. 1966ರ ಸಮಬಲಕ್ಕಾಗಿ ಹೇಡಿಯೆನಿಸಿಕೊಂಡಿದ್ದ ಪಾರ್ಸೀಘಿಯನ್‌ರೇ ಈ ಎಸೆತಕ್ಕೂ ಆಜ್ಞೆ ಕೊಟ್ಟವರು. ಪಂದ್ಯಕ್ಕೆ ಮುನ್ನವೇ ಮತ ಹಾಕಿದ್ದ ತರಬೇತುದಾರರ ಸಂಘವು ಅಲಬಾಮಾಕ್ಕೆ ಅಗ್ರಪಟ್ಟ ಕೊಟ್ಟುಬಿಟ್ಟಿತ್ತು; ಮರುವರ್ಷದಿಂದ ಅವರೂ ಬೌಲ್‌ಗಳು ಮುಗಿಯುವವರೆಗೆ ಕಾಯತೊಡಗಿದರು.

1979ರ ಜನವರಿ 1ರ ಕಾಟನ್ ಬೌಲ್ ಇನ್ನೂ ವಿಚಿತ್ರವಾದುದು. ಡಾಲಸ್ ನಗರವು ಹಿಮದ ಬಿರುಗಾಳಿಯಲ್ಲಿ ಹೆಪ್ಪುಗಟ್ಟಿತ್ತು. ನೋಟರ್ ಡೇಮ್‌ನ ಮುಖ್ಯ ಎಸೆತಗಾರ ಜೋ ಮೊಂಟಾನಾ ದೇಹದ ಉಷ್ಣತೆ ಕುಸಿದು, ವಿರಾಮದ ಬಳಿಕ ವಿಶ್ರಾಂತಿ ಕೊಠಡಿಯಲ್ಲಿಯೇ ಉಳಿದರು. ಕಂಬಳಿ ಹೊದಿಸಿ, ಬಿಸಿ ಕೋಳಿಸಾರು ಕುಡಿಸಿ ಅವರನ್ನು ಮೈದಾನಕ್ಕೆ ಮರಳಿಸುವ ಹೊತ್ತಿಗೆ ಹ್ಯೂಸ್ಟನ್ ತಂಡವು ಬಹುದೂರ ಸಾಗಿತ್ತು. ಏಳೂವರೆ ನಿಮಿಷ ಉಳಿದಿರುವಾಗ ಅಂಕ 34–12. ಎದುರಾಳಿಯ ಒದೆತವೊಂದನ್ನು ತಡೆದು ಗಳಿಸಿದ ಟಚ್‌ಡೌನ್, ಮೊಂಟಾನಾರ ಓಟದ ಇನ್ನೊಂದು ಟಚ್‌ಡೌನ್, ಎರಡರ ಬೆನ್ನಿಗೂ ಎರಡೆರಡು ಅಂಕದ ಯತ್ನಗಳು ಫಲಿಸಿ ಅದು 34–28 ಆಯಿತು. ಎರಡೇ ಸೆಕೆಂಡು ಉಳಿದಿದ್ದಾಗ ಮೊಂಟಾನಾ ಕ್ರಿಸ್ ಹೇನ್ಸ್‌ಗೆ ಎಸೆದ ಚೆಂಡು ಗಡಿಯ ಮೂಲೆಯಲ್ಲಿ ಕೈಸೇರಿತು; ಸಮಯ ಮುಗಿಯಿತು; ಅಂಕ 34–34. ಗೆಲುವಿಗೆ ಬೇಕಾದ ಒಂದು ಅಂಕಕ್ಕೆ ಜೋ ಯೂನಿಸ್ ಒದ್ದ ಚೆಂಡು ಕಂಬಗಳ ನಡುವೆ ಸಾಗಿತಾದರೂ ತನ್ನದೇ ತಂಡದ ತಪ್ಪಿನಿಂದ ಅದು ಅಸಿಂಧುವಾಯಿತು. ಯೂನಿಸ್ ಮತ್ತೊಮ್ಮೆ ಒದ್ದರು. 35–34. ಚಳಿಗೆ ಅಂಜಿ ಬಹಳಷ್ಟು ಪ್ರೇಕ್ಷಕರು ಮನೆಯಲ್ಲಿಯೇ ಉಳಿದಿದ್ದರು. ಬಂದವರಲ್ಲಿಯೂ ಅನೇಕರು ಆ ಹೊತ್ತಿಗೆ ಎದ್ದು ಹೋಗಿದ್ದರು.

1989ರ ಜನವರಿಯ ಫಿಯೆಸ್ಟಾ ಬೌಲ್‌ನಲ್ಲಿ ಲೂ ಹೋಲ್ಟ್ಸ್‌ರ ತಂಡವು ವೆಸ್ಟ್ ವರ್ಜೀನಿಯಾವನ್ನು 34–21ರಿಂದ ಸೋಲಿಸಿ ಅಗ್ರಪಟ್ಟವನ್ನು ಪಡೆಯಿತು. ಇದುವರೆಗಿನ ಕೊನೆಯ ಪಟ್ಟ ಅದೇ. ಅನಂತರದ ಇಳಿಗಾಲವನ್ನು ಬೇಗ ದಾಟೋಣ. 1995ರ ಫಿಯೆಸ್ಟಾದಿಂದ 2007ರ ಶುಗರ್ ಬೌಲ್‌ವರೆಗೆ ತಂಡವು ಸತತವಾಗಿ ಒಂಬತ್ತು ಬೌಲ್‌ಗಳಲ್ಲಿ ಸೋತಿತು. 2008ರ ಡಿಸೆಂಬರ್ 24ರಂದು ಹವಾಯಿಯಲ್ಲಿ ಸಿಕ್ಕ 49–21ರ ಗೆಲುವಿನಿಂದ ಆ ಸರಣಿ ಮುರಿಯಿತು. ಈ ನಡುವೆ 1996ರಲ್ಲಿ, ಆಮೇಲೆ 2009ರಲ್ಲಿ, ಅರ್ಹತೆಯಿದ್ದರೂ ತಂಡವು ಬೌಲ್‌ಗೆ ಹೋಗಲಿಲ್ಲ. ಆದರೆ ಆಗಿನ ಮಾತು ಓದಿನದಲ್ಲ. ಋತು ನಿರೀಕ್ಷೆಯಂತೆ ಸಾಗಲಿಲ್ಲವೆಂಬ ನಿರಾಸೆಯದು.

ಓದಿನ ಮಾತು ಮತ್ತೆ ಬಂದದ್ದು ಬೇರೆಯೇ ರೂಪದಲ್ಲಿ. 2012ರ ಋತುವಿನಲ್ಲಿ ಹನ್ನೆರಡು ಪಂದ್ಯಗಳನ್ನೂ ಗೆದ್ದ ತಂಡವು ರಾಷ್ಟ್ರೀಯ ಪಟ್ಟದ ಪಂದ್ಯದಲ್ಲಿ ಅಲಬಾಮಾಕ್ಕೆ 42–14ರಿಂದ ಸೋತಿತು. ಕೆಲವು ವರ್ಷಗಳ ಬಳಿಕ, ಕೆಲ ಆಟಗಾರರ ಪಾಠದ ಕೆಲಸವನ್ನು ಬೇರೊಬ್ಬರು ಮಾಡಿಕೊಟ್ಟಿದ್ದರೆಂಬುದು ಸಾಬೀತಾಗಿ, ಕ್ರೀಡಾ ಆಡಳಿತ ಸಂಸ್ಥೆಯು 2012 ಮತ್ತು 2013ರ ಒಟ್ಟು 21 ಗೆಲುವುಗಳನ್ನು ದಾಖಲೆಯಿಂದ ತೆಗೆದುಹಾಕಿತು. ಆ ಋತುವಿನ ಸೋಲು ಮಾತ್ರ ಇಂದಿಗೂ ದಾಖಲೆಯಲ್ಲಿದೆ. 1925ರಲ್ಲಿ ಅಧ್ಯಾಪಕರು ಅಂಜಿದ್ದು ಇಂತಹದಕ್ಕೇ.

ಬೌಲ್‌ಗಳ ಸ್ವರೂಪವೂ ಈಚೆಗೆ ಬದಲಾಗಿದೆ. 2014ರ ಋತುವಿನಿಂದ ನಾಲ್ಕು, 2024ರಿಂದ ಹನ್ನೆರಡು ತಂಡಗಳ ನಡುವೆ ಪಟ್ಟಕ್ಕಾಗಿ ಹಂತಹಂತದ ಸ್ಪರ್ಧೆ ನಡೆಯುತ್ತಿದ್ದು, ಹಳೆಯ ದೊಡ್ಡ ಬೌಲ್‌ಗಳು ಅದರ ಮೆಟ್ಟಿಲುಗಳಾಗಿವೆ. ಹನ್ನೆರಡು ತಂಡಗಳ ಮೊದಲ ವರ್ಷವೇ ನೋಟರ್ ಡೇಮ್ ತನ್ನ ಸ್ವಂತ ಮೈದಾನದಲ್ಲಿ ಇಂಡಿಯಾನಾವನ್ನು 27–17ರಿಂದ ಸೋಲಿಸಿತು. ಹೊಸ ವರ್ಷದ ನಸುಕಿನಲ್ಲಿ ನ್ಯೂ ಆರ್ಲಿಯನ್ಸ್‌ನ ಬೀದಿಯಲ್ಲಿ ಜನಸಂದಣಿಯ ಮೇಲೆ ವಾಹನ ಹರಿಸಿ ಹದಿನಾಲ್ಕು ಜನರನ್ನು ಕೊಂದ ದುರಂತದಿಂದಾಗಿ ಶುಗರ್ ಬೌಲ್ ಒಂದು ದಿನ ಮುಂದಕ್ಕೆ ಹೋಯಿತು; ಅಲ್ಲಿ ಜಾರ್ಜಿಯಾ ವಿರುದ್ಧ 23–10ರ ಗೆಲುವು. ಆರೆಂಜ್ ಬೌಲ್‌ನಲ್ಲಿ ಪೆನ್ ಸ್ಟೇಟ್ ವಿರುದ್ಧ 27–24. 2025ರ ಜನವರಿ 20ರಂದು ಅಟ್ಲಾಂಟಾದಲ್ಲಿ ನಡೆದ ಅಂತಿಮ ಪಂದ್ಯದಲ್ಲಿ ಒಹಾಯೊ ಸ್ಟೇಟ್‌ಗೆ 34–23ರಿಂದ ಸೋಲಾಯಿತು. ತರಬೇತುದಾರ ಮಾರ್ಕಸ್ ಫ್ರೀಮನ್‌ರ ತಂದೆ ಕರಿಯರು, ತಾಯಿ ಕೊರಿಯಾ ಮೂಲದವರು. ಈ ಮಟ್ಟದ ಅಂತಿಮ ಪಂದ್ಯಕ್ಕೆ ತಂಡವನ್ನು ಕರೆತಂದ ಮೊದಲ ಕರಿಯ ಮುಖ್ಯ ತರಬೇತುದಾರರು ಅವರೇ. 1969ರ ಪ್ರಕಟಣೆಯನ್ನು ಬಲ್ಲವರಿಗೆ ಈ ವಿವರ ಬರಿಯ ದಾಖಲೆಯಾಗಿ ಕಾಣದು.

ಅದೇ ವರ್ಷದ ಡಿಸೆಂಬರ್‌ನಲ್ಲಿ ಹಳೆಯ ಪದವು ಮತ್ತೆ ಕೇಳಿಬಂದಿತು: ನಿರಾಕರಣೆ. 2025ರ ಋತುವಿನ ಮೊದಲ ಎರಡು ಪಂದ್ಯಗಳನ್ನು ಅಲ್ಪ ಅಂತರದಲ್ಲಿ ಸೋತ ತಂಡವು ಉಳಿದ ಹತ್ತನ್ನೂ ಗೆದ್ದಿತ್ತು. ಆಯ್ಕೆ ಸಮಿತಿಯು ಹನ್ನೆರಡರ ಪಟ್ಟಿಯಿಂದ ಅದನ್ನು ಕೈಬಿಟ್ಟಿತು. ಪಟ್ಟದ ಸ್ಪರ್ಧೆಗೆ ಸೇರದ ಬೇರೆ ಬೌಲ್‌ಗಳಲ್ಲಿ ಆಡುವ ಅವಕಾಶವಿದ್ದರೂ ನೋಟರ್ ಡೇಮ್ ಒಲ್ಲೆನೆಂದಿತು. ಹಳೆಯ ನಿರಾಕರಣೆ ಪಟ್ಟಕ್ಕಿಂತ ಪಾಠ ದೊಡ್ಡದೆಂದು ಹೇಳಿತ್ತು. ಹೊಸದು ಪಟ್ಟವಿಲ್ಲದ ಆಟ ಬೇಡವೆಂದಿತು. ಹೀಗೆ ಅಂತಿಮ ವರ್ಷದ ವಿದ್ಯಾರ್ಥಿಗಳ ಪಾಲಿಗೆ ನವೆಂಬರ್ ಕೊನೆಯಲ್ಲಿ ಕ್ಯಾಲಿಫೋರ್ನಿಯಾಕ್ಕೆ ಹೋಗಿ ಆಡಿದ ಪಂದ್ಯವೇ ಕೊನೆಯದಾಯಿತು. ಎದುರಾಳಿ, ನೂರು ವರ್ಷಗಳ ಹಿಂದಿನ ಮೊದಲ ಬೌಲ್‌ನಲ್ಲಿದ್ದಂತೆ, ಸ್ಟ್ಯಾನ್‌ಫರ್ಡ್.